ಅಕ್ಕನ ಜೊತೆ ‘ಆಂಟಿಕ್ರೈಸ್ಟ್’ ಬೇಡ

ಶರಣಬಸವೇಶ್ವರ ಜಾತ್ರೆಗೆಂದು ಕಲಬುರಗಿಗೆ ಬರುವ ಅಕ್ಕನ ಜೊತೆ ಡೆನ್ಮಾರ್ಕಿನ ನಿರ್ದೇಶಕ ಲಾರ್ಸ್ ವಾನ್ ಟ್ರಯರ್‌ನ ‘ಆಂಟಿಕ್ರೈಸ್ಟ್’ (2009) ನೋಡಬಹುದೇ, ಅವರಿಗೆ ದೆವ್ವದ ಸಿನಿಮಾ ಇಷ್ಟ, ಆದರೆ ಹೋದ ವರ್ಷ ಮಗುವನ್ನು ಕಳೆದುಕೊಂಡಿದ್ದಾರೆ ಎಂದು ಕೇಳಿದ್ದೀರಿ. ಖಂಡಿತ ಬೇಡ. ರಕ್ತಪಾತ ಕೊನೆಯ ಭಾಗದಲ್ಲಿ ಬರುತ್ತದೆ, ಅದಕ್ಕೆ ಕಣ್ಣು ಮುಚ್ಚಿಕೊಳ್ಳಬಹುದು. ಆದರೆ ಶುರುವಿನಲ್ಲೇ, ಕಪ್ಪು ಬಿಳುಪಿನ ನಿಧಾನಗತಿಯಲ್ಲಿ, ಪಾಶ್ಚಾತ್ಯ ಶಾಸ್ತ್ರೀಯ ಸಂಗೀತಕಾರ ಹ್ಯಾಂಡೆಲ್‌ನ ಹಾಡು ಕೇಳುತ್ತಿರುವಾಗ, ಹೊರಗೆ ಹಿಮ ಸುರಿಯುತ್ತಿರುವ ಕಿಟಕಿಯಿಂದ ಪುಟ್ಟ ಮಗು ಜಾರಿ ಬೀಳುತ್ತದೆ. ತಂದೆತಾಯಿ ಆಗ ಪ್ರಣಯದಲ್ಲಿ ಮೈಮರೆತಿರುತ್ತಾರೆ. ಅಷ್ಟು ಚೆಂದವಾಗಿ ತೆಗೆದಿರುವುದೇ ಅದರ ಕ್ರೌರ್ಯ. ಮುಂದೆ ಮನೋಚಿಕಿತ್ಸಕನಾದ ಗಂಡ ಹೆಂಡತಿಯ ದುಃಖವನ್ನು ತಾನೇ ವಾಸಿ ಮಾಡಲು ಹೊರಡುತ್ತಾನೆ (ಎಂಥ ಅಹಂಕಾರ!), ತಾಯಿಯ ಪಾಪಪ್ರಜ್ಞೆಯೇ ಅಲ್ಲಿನ ದೆವ್ವ. ನೀವು ಬೇಕಾದರೆ ಒಬ್ಬರೇ ನೋಡಿ. ತಾಯಿಯ ಪಾತ್ರ ಮಾಡಿರುವ ಷಾರ್ಲೆಟ್ ಗೇನ್ಸ್‌ಬರ್ಗ್‌ಗೆ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಸುಮ್ಮನೆ ಬಂದಿಲ್ಲ.

ಅಕ್ಕನವರಿಗೆ ಜಪಾನಿನ ನಿರ್ದೇಶಕ ಕನೆಟೊ ಶಿಂಡೊನ ‘ಕುರೊನೆಕೊ’ (1968) ತೋರಿಸಿ. ಸಮುರಾಯ್‌ಗಳ (ಹಳೆಯ ಜಪಾನಿನ ಯೋಧರ) ಅತ್ಯಾಚಾರಕ್ಕೆ ಬಲಿಯಾದ ಅತ್ತೆ ಸೊಸೆ ದೆವ್ವಗಳಾಗಿ ಸೇಡು ತೀರಿಸಿಕೊಳ್ಳುತ್ತಾರೆ. ಅವರನ್ನು ಮುಗಿಸಲು ಬರುವವನು ಆ ಮನೆಯ ಮಗನೇ. ಆರಂಭದಲ್ಲೇ ಬರುವ ಆ ಅತ್ಯಾಚಾರದ ದೃಶ್ಯದ ಬಗ್ಗೆ ಮೊದಲೇ ಹೇಳಿಬಿಡಿ. ಮತ್ತೆ ರಾತ್ರಿಯೇ ಹಾಕಿ, ಚಿತ್ರದ ಬಹುಪಾಲು ಕತ್ತಲಲ್ಲೇ ನಡೆಯುತ್ತದೆ, ನಮ್ಮೂರಿನ ಬಿಸಿಲು ಯಾವ ಕಿಟಕಿ ಪರದೆಗೂ ಬಗ್ಗುವುದಿಲ್ಲ.