ಕ್ಯಾಸ್ಟ್ರೊ ಬಡಾವಣೆಯ ಮತಬಲ

ಪ್ರಶ್ನೆ: ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೊ ನಗರದ ರಾಜಕೀಯದಲ್ಲಿ ಸಲಿಂಗಿ ಸಮುದಾಯಕ್ಕೆ ಇಷ್ಟೊಂದು ಪ್ರಭಾವ ಹೇಗೆ ಬಂತು? ಅವರು ದೊಡ್ಡ ಸಂಖ್ಯೆಯಲ್ಲಿ ಅಲ್ಲಿ ಬಂದು ನೆಲೆಸಿದ್ದಷ್ಟೇ ಕಾರಣವೇ?

ಉತ್ತರ: ಸಂಖ್ಯೆ ಒಂದು ಕಾರಣ ನಿಜ, ಆದರೆ ಅದಷ್ಟರಿಂದಲೇ ಆದದ್ದಲ್ಲ. ಸಲಿಂಗ ಸಂಬಂಧವೇ ಅಪರಾಧವೆನಿಸಿದ್ದ 1961ರಲ್ಲಿ ಹೊಸೆ ಸಾರಿಯಾ ಅವರು ತಾವು ಯಾರೆಂಬುದನ್ನು ಮುಚ್ಚಿಡದೆ ನಗರಾಡಳಿತ ಮಂಡಳಿಯ ಚುನಾವಣೆಗೆ ನಿಂತು, ಐದು ಸಾವಿರಕ್ಕೂ ಹೆಚ್ಚು ಮತ ಪಡೆದು ಸೋತರು. ಆ ಧೈರ್ಯವನ್ನು ನೆನೆದರೆ ಇಂದಿಗೂ ಗೌರವ ಮೂಡುತ್ತದೆ. ಹೀಗೊಂದು ಮತವರ್ಗವಿದೆ ಎಂಬುದು ಎಲ್ಲರ ಕಣ್ಣಿಗೆ ಬಿದ್ದದ್ದು ಆಗಲೇ.

ಸಲಿಂಗಿಗಳು ಹೆಚ್ಚಾಗಿ ನೆಲೆಸಿದ್ದ ಕ್ಯಾಸ್ಟ್ರೊ ಬಡಾವಣೆಯಲ್ಲಿ ಕ್ಯಾಮೆರಾ ಅಂಗಡಿ ನಡೆಸುತ್ತಿದ್ದ, ಸ್ವತಃ ಸಲಿಂಗಿಯಾದ ಹಾರ್ವೆ ಮಿಲ್ಕ್ 1973ರಲ್ಲೂ 1975ರಲ್ಲೂ ಇದೇ ಮಂಡಳಿಗೆ ಸ್ಪರ್ಧಿಸಿ ಸೋತರು. ಏಕೆಂದರೆ ಆಗ ಪ್ರತಿಯೊಬ್ಬ ಸದಸ್ಯನನ್ನೂ ಇಡೀ ನಗರವೇ ಆರಿಸಬೇಕಿತ್ತು. ಕ್ಷೇತ್ರವಾರು ಚುನಾವಣೆಯನ್ನು ಮತದಾರರು 1976ರಲ್ಲಿ ಒಪ್ಪಿದ ಮೇಲೆ, ಮರುವರ್ಷದ ನವೆಂಬರಿನಲ್ಲಿ ಅವರು ಕ್ಯಾಸ್ಟ್ರೊ ಒಳಗೊಂಡ ಕ್ಷೇತ್ರದಿಂದ ಗೆದ್ದರು. ನಿಯಮ ಬದಲಾದದ್ದರ ಜೊತೆಗೆ ನಾನು ಅಷ್ಟೇ ಮುಖ್ಯವೆಂದು ಎಣಿಸುವುದು ಅವರು ಗಳಿಸಿಕೊಂಡಿದ್ದ ಸ್ನೇಹವನ್ನು: ಕೂರ್ಸ್ ಬಿಯರ್ ಬಹಿಷ್ಕರಿಸಲು ಲಾರಿ ಚಾಲಕರ ಸಂಘ ನೆರವು ಕೇಳಿದಾಗ ಮಿಲ್ಕ್ ಬಡಾವಣೆಯ ಬಾರುಗಳನ್ನು ಒಪ್ಪಿಸಿದರು, ಪ್ರತಿಯಾಗಿ ಸಲಿಂಗಿಗಳಿಗೂ ಚಾಲಕರ ಕೆಲಸ ಕೊಡಬೇಕೆಂದು ಕೇಳಿದರು. ಅದುವರೆಗೆ ಸಲಿಂಗಿಗಳಿಂದ ದೂರವೇ ಇದ್ದ ಕಾರ್ಮಿಕರು ಅಲ್ಲಿಂದ ಮುಂದೆ ಅವರ ಬೆನ್ನಿಗೆ ನಿಂತರು.

ಉದ್ಯೋಗ ಮತ್ತು ವಸತಿಯಲ್ಲಿ ಸಲಿಂಗಿಗಳಿಗೆ ತಾರತಮ್ಯ ಮಾಡುವುದನ್ನು ನಿಷೇಧಿಸುವ ನಗರ ಕಾನೂನು 1978ರಲ್ಲಿ ಬಂತು. ವಿರೋಧವಾಗಿ ಬಿದ್ದದ್ದು ಮಂಡಳಿಯ ಸದಸ್ಯ ಡ್ಯಾನ್ ವೈಟ್ ಅವರ ಮತವೊಂದೇ. ಸಲಿಂಗಿ ಶಿಕ್ಷಕರನ್ನು ಸರ್ಕಾರಿ ಶಾಲೆಗಳಿಂದ ಹೊರಹಾಕಲು ಅವಕಾಶ ಕೊಡುವ ಪ್ರಸ್ತಾವವೊಂದು ಅದೇ ವರ್ಷದ ನವೆಂಬರಿನಲ್ಲಿ ಇಡೀ ಕ್ಯಾಲಿಫೋರ್ನಿಯಾದ ಮತದಾರರ ಮುಂದೆ ಬಂದಾಗ, ಮನೆಯವರಿಗೂ ನೆರೆಯವರಿಗೂ ಜೊತೆಗೆ ದುಡಿಯುವವರಿಗೂ ನಿಮ್ಮ ನಿಜವನ್ನು ತಿಳಿಸಿರೆಂದು ಮಿಲ್ಕ್ ಊರೂರಿನಲ್ಲಿ ಕೇಳಿಕೊಂಡರು. ಪ್ರಸ್ತಾವ ಹತ್ತು ಲಕ್ಷಕ್ಕೂ ಹೆಚ್ಚು ಮತಗಳಿಂದ ಸೋತಿತು. ಮೂರು ವಾರ ಕಳೆಯುವಷ್ಟರಲ್ಲಿ, ನವೆಂಬರ್ 27ರಂದು, ಆ ಹೊತ್ತಿಗೆ ರಾಜೀನಾಮೆ ನೀಡಿದ್ದ ಅದೇ ವೈಟ್ ಪುರಭವನದೊಳಗೇ ಮೇಯರ್ ಜಾರ್ಜ್ ಮಾಸ್ಕೋನಿ ಅವರನ್ನೂ ಮಿಲ್ಕ್ ಅವರನ್ನೂ ಗುಂಡಿಟ್ಟು ಕೊಂದರು.

ಕ್ಷೇತ್ರವಾರು ಪದ್ಧತಿಯನ್ನು 1980ರಲ್ಲಿ ರದ್ದುಪಡಿಸಲಾಯಿತು. ಸಮುದಾಯದ ಪ್ರಭಾವ ಅದರೊಂದಿಗೇ ಅಳಿಯಬಹುದಿತ್ತು, ಅಳಿಯಲಿಲ್ಲ. ಮಿಲ್ಕ್ ಅವರ ಸ್ಥಾನಕ್ಕೆ ನೇಮಕಗೊಂಡಿದ್ದ, ಬಹಿರಂಗವಾಗಿ ಸಲಿಂಗಿಯೆಂದು ಹೇಳಿಕೊಂಡಿದ್ದ ಹ್ಯಾರಿ ಬ್ರಿಟ್ ಮುಂದೆ ಇಡೀ ನಗರದ ಮತದಿಂದಲೇ ಗೆದ್ದು 1993ರವರೆಗೆ ಮಂಡಳಿಯಲ್ಲಿದ್ದರು.