ಜಾಮೀನು ಸಿಕ್ಕ ಅಣ್ಣ ಮತ್ತೆ ಜೈಲಿಗೆ: ಏನು ಮಾಡಬೇಕು?

ಪ್ರಶ್ನೆ: ಅಕ್ಕಾ, ನನ್ನ ಅಣ್ಣ ಅಕ್ಕಿ ವ್ಯಾಪಾರಿ. ಗೋದಾಮಿನಲ್ಲಿ ಪಡಿತರ ಅಕ್ಕಿ ಸಿಕ್ಕಿತು ಎಂದು ಕೇಸಾಯಿತು. ಕೋರ್ಟ್ ಜಾಮೀನು ಕೊಟ್ಟಿತು. ಮನೆಗೆ ಬಂದ ಮೇಲೆ ಜಿಲ್ಲಾಧಿಕಾರಿಗಳ ಆದೇಶ ಅಂತ ಮತ್ತೆ ಕರೆದೊಯ್ದರು. ಕಾಳಸಂತೆ ತಡೆ ಕಾಯ್ದೆಯಂತೆ, ಆರು ತಿಂಗಳು ಬಿಡೋದಿಲ್ಲವಂತೆ. ಕೊಟ್ಟ ಕಾಗದವೆಲ್ಲ ಇಂಗ್ಲಿಷಿನಲ್ಲಿದೆ. ಅಣ್ಣ ಓದಿದ್ದು ಏಳನೇ ತರಗತಿ, ಅದೂ ಕನ್ನಡದಲ್ಲಿ. ಏನು ಮಾಡಲಿ?
– ಒಬ್ಬ ತಂಗಿ, ಉತ್ತರ ಕರ್ನಾಟಕ (ಹೆಸರು, ಊರು ಬೇಡ)

ಉತ್ತರ: ತಂಗಿ, ಮೊದಲು ಎರಡು ತಾರೀಖು ಬರೆದಿಟ್ಟುಕೊಳ್ಳಿ. ಜಿಲ್ಲಾಧಿಕಾರಿ ಆದೇಶಕ್ಕೆ ಸಹಿ ಹಾಕಿದ ದಿನ ಒಂದು, ಅಣ್ಣನನ್ನು ಹಿಡಿದ ದಿನ ಇನ್ನೊಂದು. ಈ ಕೇಸಿನಲ್ಲಿ ಅಕ್ಕಿ ಎಷ್ಟು ಚೀಲ ಅನ್ನುವುದಕ್ಕಿಂತ ಈ ತಾರೀಖುಗಳೇ ಮುಖ್ಯ.

ಕಾಳಸಂತೆ ತಡೆ ಕಾಯ್ದೆ 1980ರ ಕೇಂದ್ರದ ಕಾಯ್ದೆ. ಜಾಮೀನು ಸಿಕ್ಕಿದ್ದು ಮಾಡಿದ ತಪ್ಪಿನ ಕೇಸಿನಲ್ಲಿ. ಈ ಬಂಧನ ‘ಮುಂದೆ ಮಾಡದಿರಲಿ’ ಅಂತ. ವಿಚಾರಣೆ ಇಲ್ಲ, ಸಾಕ್ಷಿ ಇಲ್ಲ. ಪಡಿತರ ಅಕ್ಕಿ ಬಡವರ ಅನ್ನ, ಕದ್ದವರಿಗೆ ಶಿಕ್ಷೆ ಆಗಲೇಬೇಕು ಅನ್ನುವವಳು ನಾನು. ಆದರೆ ಅದನ್ನು ಕೋರ್ಟ್ ಕೊಡಬೇಕು. ಕೋರ್ಟಿಲ್ಲದೆ ಒಬ್ಬ ಮನುಷ್ಯನನ್ನು ಕೂಡಿಹಾಕುವಾಗ ಸರ್ಕಾರ ಒಂದು ದಿನವೂ ಲೆಕ್ಕ ತಪ್ಪಬಾರದು.

ಲೆಕ್ಕ ಹೀಗಿದೆ. ಹಿಡಿದ 5 ದಿನದೊಳಗೆ ಕಾರಣಗಳನ್ನು ಬರೆದು ಕೊಡಬೇಕು. ತೀರಾ ವಿಶೇಷ ಸಂದರ್ಭದಲ್ಲಿ 10 ದಿನ, ಅದಕ್ಕೂ ಲಿಖಿತ ಕಾರಣ ಬೇಕು. ಆದೇಶ ಆದ 12 ದಿನದೊಳಗೆ ರಾಜ್ಯ ಸರ್ಕಾರ ಒಪ್ಪದಿದ್ದರೆ ಆದೇಶ ತಾನಾಗಿಯೇ ಬಿದ್ದುಹೋಗುತ್ತದೆ. ಕಾರಣ ಕೊಡುವುದು 5 ದಿನ ದಾಟಿದ್ದರೆ ಮಾತ್ರ ಇದು 15 ದಿನ. ಹಿಡಿದ 3 ವಾರದೊಳಗೆ, ಬಂಧನಕ್ಕೆ ಸಾಕಷ್ಟು ಕಾರಣ ಇದೆಯೇ ಎಂದು ನೋಡುವ ಸಲಹಾ ಮಂಡಳಿಗೆ ಕಡತ ಹೋಗಬೇಕು, ಹಿಡಿದ ದಿನದಿಂದಲೇ 7 ವಾರದೊಳಗೆ ಮಂಡಳಿ ವರದಿ ಕೊಡಬೇಕು. ಸಾಕಷ್ಟು ಕಾರಣ ಇಲ್ಲ ಎಂದು ಮಂಡಳಿ ಹೇಳಿದರೆ ಬಿಡಲೇಬೇಕು. 6 ತಿಂಗಳು ಅನ್ನುವುದು ಗರಿಷ್ಠ ಮಿತಿ. ಅಷ್ಟೂ ದಿನ ಇಡಲೇಬೇಕು ಅಂತೇನಿಲ್ಲ.

ಇನ್ನು ಇಂಗ್ಲಿಷ್ ಕಾಗದ. ನಿಮ್ಮ ಕೈಯಲ್ಲಿರುವ ದೊಡ್ಡ ಬಲ ಇದೇ. ಸಂವಿಧಾನದ 22(5)ನೇ ವಿಧಿ ಕಾರಣ ತಿಳಿಸಬೇಕು, ಬಂಧನದ ವಿರುದ್ಧ ಮನವಿ ಕೊಡಲು ಅವಕಾಶ ಕೊಡಬೇಕು ಅನ್ನುತ್ತದೆ. ಅರ್ಥವಾಗದ ಭಾಷೆಯಲ್ಲಿ ಕೊಟ್ಟರೆ ತಿಳಿಸಿದಂತೆ ಹೇಗಾಗುತ್ತದೆ? 1962ರಲ್ಲೇ, ಹರಿಕಿಸನ್ ಎಂಬವರ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಅವರಿಗೆ ಹಿಂದಿ ಮಾತ್ರ ಬರುತ್ತಿತ್ತು, ಕಾಗದ ಇಂಗ್ಲಿಷಿನಲ್ಲಿತ್ತು. ಪೊಲೀಸರು ಬಾಯಲ್ಲಿ ವಿವರಿಸಿದರು ಅನ್ನುವುದು ಸಾಲಲಿಲ್ಲ. ಹಾಗಾಗಿ ಇವತ್ತೇ ಕನ್ನಡ ಅನುವಾದ ಕೇಳಿ ಜೈಲು ಸೂಪರಿಂಟೆಂಡೆಂಟ್ ಮೂಲಕ ಅರ್ಜಿ ಕೊಡಿಸಿ.

ಅನುವಾದ ಬರಲಿ ಅಂತ ಮನವಿ ತಡ ಮಾಡಬೇಡಿ. ಜಿಲ್ಲಾಧಿಕಾರಿ, ರಾಜ್ಯ ಸರ್ಕಾರ, ಕೇಂದ್ರ ಸರ್ಕಾರ, ಮೂವರಿಗೂ ಕಳಿಸಿ. ಸ್ವೀಕೃತಿ ಪಡೆಯಿರಿ. ಕಾರಣವಿಲ್ಲದೆ ಉತ್ತರ ತಡ ಮಾಡಿದರೆ ಕೋರ್ಟ್ ಬಂಧನವನ್ನೇ ರದ್ದು ಮಾಡಬಹುದು. ಕೋವಿಡ್ ಕಾಲದಲ್ಲಿ ಜಬಲ್ಪುರದಲ್ಲಿ ನಕಲಿ ರೆಮ್‌ಡೆಸಿವಿರ್ ಚುಚ್ಚುಮದ್ದಿನ ಆರೋಪದ ಮೇಲೆ ಆಸ್ಪತ್ರೆಯ ನಿರ್ದೇಶಕರೊಬ್ಬರನ್ನು, ವಿಚಾರಣೆ ಇಲ್ಲದೆ ಹೀಗೇ ಕೂಡಿಹಾಕುವ ರಾಷ್ಟ್ರೀಯ ಭದ್ರತಾ ಕಾಯ್ದೆಯಡಿ ಹಿಡಿದಿದ್ದರು. 2021ರ ಮೇ 18ರಂದು ಕೊಟ್ಟ ಮನವಿಗೆ ಸರ್ಕಾರ ಜುಲೈ 15ಕ್ಕೆ ತೀರ್ಮಾನ ಮಾಡಿತು. ಆರೋಪ ಅಷ್ಟು ಘೋರವಾಗಿದ್ದರೂ ಸುಪ್ರೀಂ ಕೋರ್ಟ್ ಆ ಆದೇಶವನ್ನು ರದ್ದು ಮಾಡಿತು.

ಮನವಿಯಲ್ಲಿ ಏನು ಬರೆಯಬೇಕು? ಜಾಮೀನು ಆದೇಶವನ್ನು ಜಿಲ್ಲಾಧಿಕಾರಿ ನೋಡಿದ್ದಾರೆಯೇ ಎಂದು ಕೇಳಿ. ಮಾಮೂಲಿ ಕಾನೂನು ಸಾಲದೇ ಎಂದೂ ಕೇಳಿ. ಅಗತ್ಯ ವಸ್ತುಗಳ ಕಾಯ್ದೆಯಲ್ಲೇ 7 ವರ್ಷದವರೆಗೆ ಶಿಕ್ಷೆ ಇದೆ, ಜಾಮೀನು ರದ್ದು ಮಾಡಿ ಎಂದು ಕೇಳಲೂ ದಾರಿ ಇದೆ, ಅಲ್ವಾ? ತಮಿಳುನಾಡಿನ ರೇಖಾ ಪ್ರಕರಣ (2011) ನೆನಪಿಸಿ. ಅವಧಿ ಮುಗಿದ ಔಷಧಿಗೆ ಹೊಸ ಚೀಟಿ ಅಂಟಿಸಿ ಮಾರಿದ ಆರೋಪ ಅದು. ಮಾಮೂಲಿ ಕಾನೂನೇ ಸಾಕಾಗುವಾಗ ಇಂಥ ಬಂಧನ ಅಕ್ರಮ ಎಂದಿತು ಸುಪ್ರೀಂ ಕೋರ್ಟ್.

  

ಮಂಡಳಿ ಮುಂದೆ ವಕೀಲರನ್ನು ಇಟ್ಟುಕೊಳ್ಳುವ ಹಕ್ಕಿಲ್ಲ. ನನಗೆ ಇದು ಅನ್ಯಾಯವೆಂದೇ ಕಾಣುತ್ತದೆ. ಆದರೆ ವಕೀಲರಲ್ಲದ ಸ್ನೇಹಿತರೊಬ್ಬರ ನೆರವು ಪಡೆಯಬಹುದು ಎಂದು ಎ.ಕೆ. ರಾಯ್ ಪ್ರಕರಣದಲ್ಲಿ (1981) ಸುಪ್ರೀಂ ಕೋರ್ಟ್ ಹೇಳಿದೆ. ಓದು ಬರಹ ಚೆನ್ನಾಗಿ ಬರುವ, ಅಣ್ಣನ ವ್ಯಾಪಾರ ಗೊತ್ತಿರುವ ಒಬ್ಬರನ್ನು ಈಗಲೇ ಒಪ್ಪಿಸಿ.

ಜೊತೆಗೆ ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ, ಅಂದರೆ ಅಕ್ರಮ ಬಂಧನದಿಂದ ಬಿಡಿಸಿ ಎಂದು ಕೇಳುವ ಅರ್ಜಿ ಹಾಕಬಹುದು. ನಿಮ್ಮ ಜಿಲ್ಲೆ ಯಾವುದು ಅನ್ನುವುದರ ಮೇಲೆ ಧಾರವಾಡ ಅಥವಾ ಕಲಬುರಗಿ ಪೀಠ. ದುಡ್ಡಿಲ್ಲ ಅಂತ ಕೂರಬೇಡಿ. ಬಂಧನದಲ್ಲಿರುವವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡಬೇಕು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಆದೇಶದ ಪ್ರತಿ, ಜಾಮೀನಿನ ಪ್ರತಿ, ಸ್ವೀಕೃತಿ ಎಲ್ಲ ಒಂದೇ ಫೈಲಿನಲ್ಲಿರಲಿ.