ಕಣ್ಣು ಕೆಂಪಾಗಿದ್ದು ಒಲೆಯ ಹೊಗೆಗೆ

ಪ್ರಶ್ನೆ: ಮಗಳಿಗೆ ಟಾಂಜಾನಿಯಾದ ಮ್ವಾಂಜಾದಲ್ಲಿ ಕೆಲಸ ಸಿಕ್ಕಿದೆ. ಆ ಕಡೆ ಕಣ್ಣು ಕೆಂಪಗಿರುವ ಮುದುಕಿಯರನ್ನು ಮಾಟಗಾತಿ ಅಂತ ಕೊಲ್ಲುತ್ತಾರೆ ಎಂದು ಓದಿ ಗಾಬರಿಯಾಗಿದೆ. ನೀವು ಅಲ್ಲೇ ಕಣ್ಣಿನ ಡಾಕ್ಟರಾಗಿದ್ದವರು. ಇದು ನಿಜವಾ? ಆಫ್ರಿಕಾದ ಜನ ಈಗಲೂ ಇದನ್ನೆಲ್ಲ ನಂಬುತ್ತಾರಾ? ಮಗಳನ್ನು ಕಳಿಸಬಹುದಾ?
— ಒಬ್ಬ ತಾಯಿ, ಹುಬ್ಬಳ್ಳಿ

ಉತ್ತರ: ನಿಜ ಅಮ್ಮಾ. ಮುಚ್ಚಿಡುವುದಿಲ್ಲ. ನಾನು ಅಲ್ಲಿ ಮೂರು ವರ್ಷ ಇದ್ದೆ. ಮೊದಲ ವರ್ಷವೇ ಇದು ನನ್ನ ಟೇಬಲ್ಲಿನ ಮುಂದೆ ಬಂದು ಕೂತಿತು.

ಶಿನ್ಯಾಂಗಾ ಕಡೆಯ ಒಬ್ಬ ಅಜ್ಜಿ. ಎಪ್ಪತ್ತರ ಹತ್ತಿರ ಇರಬಹುದು. ತಲೆಗೆ ಹೊದ್ದ ಕಾಂಗಾ ಬಟ್ಟೆಯನ್ನು ಹುಬ್ಬಿನ ತನಕ ಎಳೆದುಕೊಂಡಿದ್ದರು. ನೋಡಿದೆ. ಬಲಗಣ್ಣಿನಲ್ಲಿ ಪೊರೆ ಬಂದಿತ್ತು. ಆಪರೇಷನ್ ಮಾಡಿದರೆ ಚೆನ್ನಾಗಿ ಕಾಣಿಸುತ್ತೆ ಎಂದೆ. ಅಜ್ಜಿ ತಲೆಯಾಡಿಸಿದರು. ಕಾಣಿಸೋದು ಇಷ್ಟೇ ಸಾಕು, ಕಣ್ಣು ಬಿಳಿ ಮಾಡಿಕೊಡು ಅಂದರು. ನನಗೆ ತಲೆಬುಡ ತಿಳಿಯಲಿಲ್ಲ. ನರ್ಸ್ ಎದ್ದು ಹೋಗಿ ಬಾಗಿಲು ಹಾಕಿ ಬಂದಳು. ಆಮೇಲೆ ಹೇಳಿದಳು. ಪಕ್ಕದ ಮನೆಯ ಮಗು ಜ್ವರ ಬಂದು ತೀರಿಕೊಂಡಿದೆ. ಆ ಮನೆಯವರು ಮ್ಗಾಂಗಾ ಹತ್ತಿರ ಹೋಗಿ ಬಂದಿದ್ದಾರೆ. ಮ್ಗಾಂಗಾ ಅಂದರೆ ನಾಟಿ ವೈದ್ಯ, ಶಾಸ್ತ್ರವನ್ನೂ ಹೇಳುವವನು. ಅಂದಿನಿಂದ ಊರವರು ಅಜ್ಜಿಯ ಕಣ್ಣನ್ನೇ ದಿಟ್ಟಿಸುತ್ತಿದ್ದಾರೆ.

ಅಜ್ಜಿಯ ರೆಪ್ಪೆ ತಿರುಗಿಸಿ ನೋಡುವಾಗ ಅವರ ಕೈಯಿಂದ, ತಲೆಗೂದಲಿನಿಂದ ಹೊಗೆ ವಾಸನೆ ಬರುತ್ತಿತ್ತು. ಬೆರಣಿ ಹೊಗೆ. ನಿಮ್ಮ ಕಡೆ ಕುಳ್ಳು ಅಂತೀರಿ ಅಲ್ವಾ, ಅದೇ. ಅಲ್ಲಿನ ಸುಕುಮಾ ಜನ ದನ ಸಾಕುವವರು. ಬಯಲು ಸೀಮೆ, ಮರ ಕಮ್ಮಿ. ಬ್ರಿಟಿಷರ ಕಾಲದಲ್ಲಿ ದನಕ್ಕೂ ಜನಕ್ಕೂ ರೋಗ ಹರಡುವ ತ್ಸೆತ್ಸೆ ನೊಣ ಓಡಿಸಲಿಕ್ಕೆ ಅಂತ ಕುರುಚಲು ಕಾಡನ್ನು ಕಡಿಸಿದರು. ಆಮೇಲೆ ಹತ್ತಿ ಹೊಲ ಹಬ್ಬಿತು. ಸೌದೆ ಸಿಗದ ಮನೆಯಲ್ಲಿ ಸೆಗಣಿಯೇ ಉರುವಲು. ಕಿಟಕಿಯಿಲ್ಲದ ಗುಡಿಸಲು, ಮೂರು ಕಲ್ಲಿನ ಒಲೆ. ಅದರ ಮುಂದೆ ಐವತ್ತು ವರ್ಷ ಕೂತು ಊದಿದರೆ ಯಾರ ಕಣ್ಣು ತಾನೇ ಕೆಂಪಾಗಲ್ಲ? ಮನೆ ಮಂದಿಗೆಲ್ಲ ಬೇಯಿಸಿ ಹಾಕಿದ ಗುರುತು ಅದು. ಅದನ್ನೇ ಹಿಡಿದು ಮಾಟಗಾತಿ ಅನ್ನುತ್ತಾರೆ. ಈಗ ಬರೆಯುವಾಗಲೂ ನನಗೆ ಹೊಟ್ಟೆ ಉರಿಯುತ್ತದೆ.

ನಂಬಿಕೆಯೊಂದೇ ಕಾರಣ ಆಗಿದ್ದರೆ ಎಲ್ಲ ವರ್ಷವೂ ಒಂದೇ ಸಮ ಕೊಲೆ ಆಗಬೇಕಿತ್ತು. ಹಾಗೆ ಆಗುವುದಿಲ್ಲ. ಎಡ್ವರ್ಡ್ ಮಿಗೆಲ್ ಅನ್ನುವ ಅರ್ಥಶಾಸ್ತ್ರಜ್ಞ ಅದೇ ಸೀಮೆಯ ಮೆಯಾಟು ಜಿಲ್ಲೆಯ ಹಳ್ಳಿಗಳ ಲೆಕ್ಕ ತೆಗೆದು 2005ರಲ್ಲಿ ಪ್ರಕಟಿಸಿದರು. ಮಳೆ ಕೈಕೊಟ್ಟ ವರ್ಷ, ಇಲ್ಲವೇ ಅತಿಯಾಗಿ ಸುರಿದ ವರ್ಷ, ಮಾಟದ ಹೆಸರಿನ ಕೊಲೆಗಳು ಸುಮಾರು ಎರಡರಷ್ಟಾಗಿದ್ದವು. ಬೇರೆ ಕೊಲೆಗಳು ಹಾಗೆ ಏರಿರಲಿಲ್ಲ. ಸತ್ತವರಲ್ಲಿ ಹೆಚ್ಚುಕಮ್ಮಿ ಎಲ್ಲರೂ ವಯಸ್ಸಾದ ಹೆಂಗಸರು. ಕೊಂದವರು ಬಹಳ ಸಲ ಅವರ ಸಂಬಂಧಿಕರೇ. ಮನೆಯಲ್ಲಿ ಕಾಳು ಮುಗಿದಾಗ, ದುಡಿಯಲಾಗದೆ ಉಣ್ಣುವ ಬಾಯಿ ಯಾವುದು ಅಂತ ಕಣ್ಣು ಹೋಗುತ್ತದೆ. ಗಂಡ ಸತ್ತವಳ ಹೆಸರಿನಲ್ಲಿ ತುಂಡು ಹೊಲ ಇದ್ದರಂತೂ ಕೇಳುವುದೇ ಬೇಡ. ಮಾಟ ಅನ್ನುವ ಮಾತು ಆ ಲೆಕ್ಕಕ್ಕೆ ಹೊದಿಸಿದ ಬಟ್ಟೆ ಅಂತ ನನಗೆ ಅನಿಸುತ್ತದೆ.

ಕಾನೂನು ಇಲ್ಲ ಅಂತಲ್ಲ. ಮಾಟದ ವಿರುದ್ಧದ 1928ರ ಕಾನೂನು ಅಲ್ಲಿ ಇವತ್ತಿಗೂ ಇದೆ. ಆಲ್ಬಿನಿಸಂ ಇರುವವರನ್ನು, ಅಂದರೆ ಹುಟ್ಟಿನಿಂದಲೇ ಮೈಗೆ, ಕೂದಲಿಗೆ ಬಣ್ಣವಿಲ್ಲದವರನ್ನು, ಮಾಟಕ್ಕೆ ಬಳಸುವ ಮೈಯ ಅಂಗಗಳಿಗಾಗಿ ಕೊಲ್ಲುವುದು ಜಾಸ್ತಿಯಾದಾಗ, 2015ರಲ್ಲಿ ಸರ್ಕಾರ ಲೈಸೆನ್ಸ್ ಇಲ್ಲದ ಮಂತ್ರವಾದಿಗಳನ್ನು ನಿಷೇಧಿಸಿತು. ಆದರೆ ರಾತ್ರಿ ಹೊತ್ತು, ಕರೆಂಟಿಲ್ಲದ ಹಳ್ಳಿಯಲ್ಲಿ, ಒಂಟಿ ಮುದುಕಿಯ ಗುಡಿಸಲ ಹತ್ತಿರ ಪೊಲೀಸ್ ಎಲ್ಲಿ ಇರುತ್ತಾರೆ?

'ಆಫ್ರಿಕಾದ ಜನ' ಅಂದಿರಿ. ಅದೊಂದು ಮಾತು ಬೇಡ ಅಮ್ಮಾ. 54 ದೇಶಗಳಿವೆ ಅಲ್ಲಿ. ಬಾಗಿಲು ಹಾಕಿ ಬಂದ ಆ ನರ್ಸ್ ಕೂಡ ಸುಕುಮಾ ಹುಡುಗಿಯೇ. ಅಜ್ಜಿಯ ಮಗನನ್ನು ಒಳಗೆ ಕರೆಸಿ, ಇದು ಹೊಗೆಯ ಕಾಯಿಲೆ, ಊರಲ್ಲಿ ಹೋಗಿ ಹೇಳು ಅಂತ ಅರ್ಧ ಗಂಟೆ ಬುದ್ಧಿ ಹೇಳಿದವಳು ಅವಳು, ನಾನಲ್ಲ. ನಮ್ಮ ದೇಶದಲ್ಲಿ ಜಾರ್ಖಂಡ್ 2001ರಲ್ಲಿ ಇದೇ ಪಿಡುಗಿಗೆ ಕಾನೂನು ಮಾಡಬೇಕಾಯಿತು. ನಮ್ಮ ಕರ್ನಾಟಕದ ವಾಮಾಚಾರ ತಡೆ ಕಾನೂನು ಪಾಸಾದದ್ದು 2017ರಲ್ಲಿ.

ಅಜ್ಜಿಗೆ ಡ್ರಾಪ್ಸ್ ಕೊಟ್ಟೆ. ಒಲೆಯನ್ನು ಹೊರಗೆ ಮಾಡಿನ ಕೆಳಗೆ ಹಾಕಿಸು ಅಂತ ಮಗನಿಗೆ ಹೇಳಿದೆವು. ತಿಂಗಳು ಬಿಟ್ಟು ಇಬ್ಬರೂ ಬಂದರು. ಕೆಂಪು ಸ್ವಲ್ಪ ಇಳಿದಿತ್ತು. ಪೂರ್ತಿ ಹೋಗುವಂಥದ್ದಲ್ಲ ಅದು. ಆಪರೇಷನ್‌ಗೂ ಒಪ್ಪಿದರು. ಅದಾದ ಮೇಲೆ ಬರಲಿಲ್ಲ. ಏನಾಯಿತೋ ಅಂತ ಈಗಲೂ ನೆನೆಯುತ್ತೇನೆ.

ಮಗಳನ್ನು ಕಳಿಸಿ. ಕೆಲಸಕ್ಕೆ ಬಂದ ಹೊರಗಿನವರನ್ನು ಇದರಲ್ಲಿ ಎಳೆದದ್ದು ನಾನಿದ್ದಷ್ಟು ದಿನ ಕೇಳಲಿಲ್ಲ. ಮ್ವಾಂಜಾ ಚೆಂದದ ಊರು. ವಿಕ್ಟೋರಿಯಾ ಸರೋವರದ ದಡ, ನೀರೊಳಗಿಂದ ಎದ್ದ ಬಂಡೆಗಳು, ಬೆಳಗ್ಗೆ ಮೀನಿನ ಸಂತೆ. ಹೋಗುವ ಮುಂಚೆ 'ಶಿಕಾಮೋ' ಅನ್ನೋದು ಕಲಿಸಿ. ಹಿರಿಯರಿಗೆ ಮಾಡುವ ನಮಸ್ಕಾರ ಅದು. ಅವರು 'ಮರಾಹಬಾ' ಅಂತಾರೆ. ದಾರಿಯಲ್ಲಿ ಕಣ್ಣು ಕೆಂಪಗಿರುವ ಅಜ್ಜಿ ಸಿಕ್ಕರೆ ಅವರಿಗೆ ಮೊದಲು ಹೇಳಲಿ. ನಾಲ್ಕು ಜನರಿಗೆ ಕೇಳಿಸುವಂತೆ ಹೇಳಲಿ.